ಮೀರುವುದೋ ದಾಟುವುದೋ: ಟ್ರಾನ್ಸ್‌ಹ್ಯೂಮನಿಸಂಗೆ ಕನ್ನಡ ಹುಡುಕಿದ ನನ್ನ ಅನುಭವ

ಕೆಲಸ ಒಪ್ಪಿಕೊಂಡಾಗ ಹತ್ತು ದಿನ ಸಾಕು ಅಂದುಕೊಂಡಿದ್ದೆ. ಟ್ರಾನ್ಸ್‌ಹ್ಯೂಮನಿಸಂ ಬಗ್ಗೆ, ಅಂದರೆ ವಿಜ್ಞಾನ-ತಂತ್ರಜ್ಞಾನದಿಂದ ಮನುಷ್ಯನ ದೇಹ, ಬುದ್ಧಿ, ಆಯುಷ್ಯದ ಮಿತಿಗಳನ್ನು ಹಿಗ್ಗಿಸಬಹುದು ಎನ್ನುವ ಚಿಂತನೆಯ ಬಗ್ಗೆ, ಒಂದು ದೀರ್ಘ ಲೇಖನ, ಅದರ ಬೆನ್ನಿಗೆ ನಲವತ್ತು ಪದಗಳ ಒಂದು ಪುಟ್ಟ ಪಟ್ಟಿ. ಇಪ್ಪತ್ತು ವರ್ಷದಿಂದ ವಿಜ್ಞಾನ ಬರಹಗಳನ್ನು ಕನ್ನಡಕ್ಕೆ ತರುತ್ತಿದ್ದೇನೆ. ಕ್ವಾಂಟಂ, ಜೀನೋಮ್, ಪ್ರತಿಕಾಯ ಎಲ್ಲ ಕೈಗೆ ಪಳಗಿವೆ. ಇದೂ ಹಾಗೇ ಆದೀತು ಎಂಬ ಧೈರ್ಯದಲ್ಲಿ ಮೊದಲ ಸಾಲಿನಲ್ಲೇ ‘ಅತಿಮಾನವತಾವಾದ’ ಎಂದು ಬರೆದು ಮುಂದೆ ಹೋದೆ.

ಕರಡು ಓದಿದ ಸ್ನೇಹಿತರೊಬ್ಬರು, ನಿವೃತ್ತ ತತ್ತ್ವಶಾಸ್ತ್ರ ಮೇಷ್ಟ್ರು, ಫೋನ್ ಮಾಡಿ ಒಂದೇ ಪ್ರಶ್ನೆ ಕೇಳಿದರು: “ಇದು ನೀತ್ಷೆಯ ವಿಚಾರವೋ, ಅರವಿಂದರದ್ದೋ?” ಇಬ್ಬರೂ ಅತಿಮಾನವನ ಬಗ್ಗೆ ಬರೆದವರು. ಎರಡೂ ಅಲ್ಲ ಅಂದೆ. “ಹಾಗಾದರೆ ಪದ ಯಾಕೆ ಹಾಗೆ ಹೇಳ್ತಿದೆ?” ನನ್ನ ಹತ್ತಿರ ಉತ್ತರವಿರಲಿಲ್ಲ. ಆ ಫೋನ್ ಕರೆಯಿಂದ ಕೆಲಸ ಐದು ತಿಂಗಳಿಗೆ ಹಿಗ್ಗಿತು.

ಮೂಲಕ್ಕೆ ಹೋಗದೆ ಬೇರೆ ದಾರಿಯಿರಲಿಲ್ಲ. ಈ ಪದಕ್ಕೆ ಇಂದಿನ ಅರ್ಥದ ಹತ್ತಿರದ ಅರ್ಥ ಕೊಟ್ಟು ಹರಡಿದವನು ಜೂಲಿಯನ್ ಹಕ್ಸ್‌ಲಿ, ಇಂಗ್ಲೆಂಡಿನ ಜೀವವಿಜ್ಞಾನಿ, ಯುನೆಸ್ಕೋದ ಮೊದಲ ಮಹಾನಿರ್ದೇಶಕ. 1957ರ ಪ್ರಬಂಧದಲ್ಲಿ ಅವನು ಹೇಳುವುದು ಇಷ್ಟು: ಮನುಷ್ಯ ಮನುಷ್ಯನಾಗಿಯೇ ಉಳಿದು, ತನ್ನ ಸ್ವಭಾವದ ಹೊಸ ಸಾಧ್ಯತೆಗಳನ್ನು ಕಂಡುಕೊಂಡು, ತನ್ನನ್ನು ತಾನು ಮೀರುವುದು. ‘ಮನುಷ್ಯನಾಗಿಯೇ ಉಳಿದು’ ಎಂಬಲ್ಲಿ ನನ್ನ ‘ಅತಿಮಾನವ’ ಬಿದ್ದುಹೋಯಿತು. ಅತಿಮಾನವ ಅಂದಕೂಡಲೇ ಕನ್ನಡದ ಕಿವಿಗೆ ಎರಡು ಜಾತಿಯ ಜೀವಿಗಳು ಕಾಣುತ್ತವೆ, ಒಬ್ಬ ಮೇಲೆ, ಉಳಿದವರು ಕೆಳಗೆ. ಹಕ್ಸ್‌ಲಿಯ ವಾಕ್ಯದಲ್ಲಿ ಇರುವವನು ಒಬ್ಬನೇ.

ಸರಿ, ಹಾಗಾದರೆ ‘ಮೀರು’ ಎಂಬ ಧಾತು ಸಿಕ್ಕಿತು ಎಂದು ಹಿಗ್ಗಿದೆ. ಆ ಹಿಗ್ಗು ಒಂದು ವಾರ ಉಳಿಯಿತು. ಆಮೇಲೆ ಎಫ್‌ಎಂ-2030 ಎದುರಾದ. ಹೌದು, ಅದು ಮನುಷ್ಯನ ಹೆಸರೇ. ಇರಾನಿ ರಾಜತಾಂತ್ರಿಕನ ಮಗ, 1930ರಲ್ಲಿ ಬ್ರಸೆಲ್ಸ್‌ನಲ್ಲಿ ಹುಟ್ಟಿದ ಫೆರಿದೂನ್ ಎಸ್ಫಂಡಿಯಾರಿ. ತಾನು ನೂರು ತುಂಬುವ ವರ್ಷವನ್ನೇ ಹೆಸರಾಗಿ ಇಟ್ಟುಕೊಂಡ. (ನೂರಕ್ಕೆ ಮೂವತ್ತು ವರ್ಷ ಬಾಕಿಯಿರುವಾಗಲೇ, 2000ದಲ್ಲಿ, ಕ್ಯಾನ್ಸರಿನಿಂದ ತೀರಿಕೊಂಡ. ದೇಹ ಅರಿಜೋನಾದಲ್ಲಿ ದ್ರವ ಸಾರಜನಕದಲ್ಲಿದೆ.) ಅವನ ಪ್ರಕಾರ ಟ್ರಾನ್ಸ್‌ಹ್ಯೂಮನ್ ಅಂದರೆ ‘ಟ್ರಾನ್ಸಿಷನಲ್ ಹ್ಯೂಮನ್’, ಒಂದು ಸ್ಥಿತಿಯಿಂದ ಇನ್ನೊಂದಕ್ಕೆ ಹೊರಟು ನಡುವೆ ಇರುವವನು. ಇಲ್ಲಿ ಮೀರುವುದಿಲ್ಲ, ದಾಟುವುದಿದೆ. ಹೊಳೆ ದಾಟುತ್ತಿರುವವನು ಈ ದಡದಲ್ಲೂ ಇಲ್ಲ, ಆ ದಡದಲ್ಲೂ ಇಲ್ಲ, ದೋಣಿಯಲ್ಲಿದ್ದಾನೆ.

ಇಂಗ್ಲಿಷಿನಲ್ಲಿ ಇವೆರಡೂ ಒಂದೇ ‘ಟ್ರಾನ್ಸ್’ನೊಳಗೆ ಹಾಯಾಗಿ ಅಡಗಿ ಕೂತಿವೆ. ಅದನ್ನೇ ಓದುತ್ತಿದ್ದಾಗ ನನಗೆ ಭೇದ ಕಂಡಿರಲಿಲ್ಲ. ಕನ್ನಡದಲ್ಲಿ ಕ್ರಿಯಾಪದ ಆರಿಸಲೇಬೇಕಾಗಿ ಬಂದಾಗ ಕಂಡಿತು. ಮೀರಿದವನು ಅವನೇ ಆಗಿರುತ್ತಾನೆ. ದಾಟಿದವನು ಈಚೆಯನ್ನು ಬಿಟ್ಟಿರುತ್ತಾನೆ. 1990ರಲ್ಲಿ ತತ್ತ್ವಶಾಸ್ತ್ರಜ್ಞ ಮ್ಯಾಕ್ಸ್ ಮೋರ್ ಟ್ರಾನ್ಸ್‌ಹ್ಯೂಮನಿಸಂಗೆ ಇಂದಿನ ರೂಪದ ವ್ಯಾಖ್ಯೆ ಕೊಟ್ಟಾಗ, 1998ರಲ್ಲಿ ನಿಕ್ ಬಾಸ್ಟ್ರಮ್ ಮತ್ತು ಡೇವಿಡ್ ಪಿಯರ್ಸ್ ಸೇರಿ ವಿಶ್ವ ಟ್ರಾನ್ಸ್‌ಹ್ಯೂಮನಿಸ್ಟ್ ಸಂಘ ಕಟ್ಟಿದಾಗ, ಎರಡೂ ಅರ್ಥಗಳು ಒಂದೇ ಹೆಸರಿನಡಿ ಓಡಾಡುತ್ತಲೇ ಇದ್ದವು. ಇವರ ಎಷ್ಟೋ ಜಗಳಗಳು ಮೀರುವವರಿಗೂ ದಾಟುವವರಿಗೂ ನಡುವಿನ ಜಗಳ ಎಂದು ಈಗ ನನಗೆ ಅನ್ನಿಸುತ್ತದೆ.

ಇನ್ನೂ ಹಿಂದೆ ಹೋದರೆ ಇಟಲಿಯ ಕವಿ ಡಾಂಟೆ. ಅವನ ಮಹಾಕಾವ್ಯದಲ್ಲಿ ಸ್ವರ್ಗಕ್ಕೆ ಏರುವ ಕಾಂಡದ ಮೊದಲ ಸರ್ಗದಲ್ಲೇ ಅವನು ‘ತ್ರಾಸುಮನಾರ್’ (ಮನುಷ್ಯತ್ವವನ್ನು ಮೀರುವುದು) ಎಂಬ ಕ್ರಿಯಾಪದವನ್ನು ಟಂಕಿಸಿ, ಅದನ್ನು ಮಾತಿನಲ್ಲಿ ಹೇಳಲಾಗದು ಎಂದು ಅದೇ ಉಸಿರಿನಲ್ಲಿ ಕೈಚೆಲ್ಲುತ್ತಾನೆ. ಏಳುನೂರು ವರ್ಷದ ಹಿಂದೆ ಆ ಮಹಾಶಯನೇ ಕೈಚೆಲ್ಲಿದ್ದಾನೆ ಎಂದು ತಿಳಿದ ದಿನ ನನಗೆ ಒಳ್ಳೆಯ ನಿದ್ದೆ ಬಂತು.

ಆಮೇಲೆ ಕೆಲಸದ ರೀತಿ ಬದಲಾಯಿಸಿದೆ. ಇನ್ನೂರು ಪುಟದ ನೋಟ್‌ಬುಕ್ ತಂದು ಪ್ರತಿ ಪದಕ್ಕೂ ಎರಡೆರಡು ಪುಟ ಬಿಟ್ಟೆ. ಸಾಮಾನ್ಯವಾಗಿ ನಿಘಂಟಿನಿಂದ ಶುರು ಮಾಡುತ್ತೇನೆ, ಈ ಸಲ ಕಿಟ್ಟೆಲ್ ಕೋಶವನ್ನು ಕೊನೆಗೆ ತೆರೆಯುವುದು ಅಂತ ನಿಯಮ ಮಾಡಿಕೊಂಡೆ. ಮೊದಲು ಪುಟದ ನೆತ್ತಿಯಲ್ಲಿ ಒಂದು ಪ್ರಶ್ನೆ: ಈ ಪದದ ಹೊಟ್ಟೆಯೊಳಗಿನ ಕ್ರಿಯಾಪದ ಯಾವುದು, ಅದರ ಕರ್ತೃ ಯಾರು? ನಾಮಪದಗಳು ಭಾರೀ ಸಭ್ಯರು, ಏನನ್ನೂ ಬಾಯಿ ಬಿಡುವುದಿಲ್ಲ. ಕ್ರಿಯಾಪದ ಕೇಳಿದಾಗ ಮಾತ್ರ ಯಾರು ಯಾರಿಗೆ ಏನು ಮಾಡುತ್ತಾರೆ ಎಂದು ಹೇಳಬೇಕಾಗುತ್ತದೆ.

ಆಯುಷ್ಯದ ಪದಗಳಲ್ಲಿ ನಮ್ಮ ಭಾಷೆ ಶ್ರೀಮಂತವಾಗಿದೆ ಎಂದು ನಂಬಿದ್ದೆ. ಶ್ರೀಮಂತಿಕೆಯೇ ತೊಂದರೆ ಕೊಟ್ಟಿತು. ಮುಪ್ಪಿನ ಸಂಶೋಧಕ ಆಬ್ರಿ ಡಿ ಗ್ರೇಯಂಥವರು ಹೇಳುವುದು ಮುಪ್ಪನ್ನು ತಡೆಯುವ, ಆದ ಹಾನಿಯನ್ನು ಆಗಾಗ ದುರಸ್ತಿ ಮಾಡುವ ಮಾತು. ಮುಪ್ಪಿಲ್ಲದವನೂ ಲಾರಿಗೆ ಸಿಕ್ಕರೆ ಸಾಯುತ್ತಾನೆ. ಅಂದರೆ ಅವರು ಕೇಳುತ್ತಿರುವುದು ಅಜರತ್ವ, ಅಮರತ್ವವಲ್ಲ. ಇಂಗ್ಲಿಷಿನವರು ಈ ಭೇದವನ್ನು ಹೇಳಲು ಒಂದು ಪ್ಯಾರಾ ಖರ್ಚು ಮಾಡುತ್ತಾರೆ, ನಮಗೆ ಎರಡು ಪದ ಸಾಕು. ‘ನಿರ್ಜರ’ ಇನ್ನೂ ಚೆನ್ನಾಗಿತ್ತು, ಅಮರಕೋಶದಲ್ಲಿ ದೇವತೆಗಳ ಪಟ್ಟಿ ಶುರುವಾಗುವುದೇ ‘ಅಮರಾ ನಿರ್ಜರಾ ದೇವಾಃ’ ಎಂದು. ಆದರೆ ಜೈನರಲ್ಲಿ ನಿರ್ಜರೆ ಅಂದರೆ ಕರ್ಮವನ್ನು ಉದುರಿಸಿಕೊಳ್ಳುವುದು. ಹಳಗನ್ನಡ ಓದಿದವರು ಅಲ್ಲೇ ಎಡವುತ್ತಾರೆ, ಬಿಟ್ಟೆ.

‘ಅಜರ’ ಎಂದೇ ಇಟ್ಟು ಈ ಭಾಗವನ್ನಷ್ಟೇ ಮೊದಲೇ ಒಂದು ಪತ್ರಿಕೆಗೆ ಕಳಿಸಿದ್ದೆ. ಅಚ್ಚಾಗಿ ಬಂದಾಗ ತಲೆಬರಹ ‘ಇನ್ನು ಸಾವಿಲ್ಲ!’ ಆಶ್ಚರ್ಯಸೂಚಕವೂ ಅವರದ್ದೇ. ಒಳಗೆ ನಾನು ಹೆಣಗಿ ಬಿಡಿಸಿದ ಗಂಟನ್ನು ತಲೆಬರಹದವರು ಎರಡು ಪದದಲ್ಲಿ ಮತ್ತೆ ಬಿಗಿದಿದ್ದರು. ಪತ್ರಿಕೆಯ ಹೆಸರು ಬೇಡ. ಓದುಗರಲ್ಲಿ ಒಬ್ಬರು ಅಶ್ವತ್ಥಾಮನ ಗತಿ ನೆನಪಿಸಿ ಕಾರ್ಡು ಬರೆದಿದ್ದರು, ಹುಣ್ಣು ಹೊತ್ತು ಚಿರಂಜೀವಿಯಾಗಿ ಅಲೆಯುವ ಶಾಪ. ಅದನ್ನು ಓದಿದಾಗ ‘ಹೆಲ್ತ್‌ಸ್ಪ್ಯಾನ್’ ಪುಟಕ್ಕೆ ಉತ್ತರ ಸಿಕ್ಕಿತು. ಬದುಕಿನ ಉದ್ದ ಬೇರೆ, ಆರೋಗ್ಯವಾಗಿ ಬದುಕಿದ ಉದ್ದ ಬೇರೆ ಎಂದು ಟ್ರಾನ್ಸ್‌ಹ್ಯೂಮನಿಸ್ಟರು ಹೊಸದಾಗಿ ಹೇಳುವುದನ್ನು ನಮ್ಮ ಹಿರಿಯರ ಆಶೀರ್ವಾದ ‘ಆಯುರಾರೋಗ್ಯ’ ಎಂದು ಜೋಡಿಸಿಯೇ ಕೊಡುತ್ತದೆ. ಪದಪಟ್ಟಿಯಲ್ಲಿ ‘ಆರೋಗ್ಯಾಯುಷ್ಯ’ ಎಂದು ಬರೆದೆ. ‘ಲಾಂಜೆವಿಟಿ ಎಸ್ಕೇಪ್ ವೆಲಾಸಿಟಿ’ ಮಾತ್ರ ನಗು ತರಿಸಿತು. ಶಾಲೆಯ ಪುಸ್ತಕದಲ್ಲಿ ಎಸ್ಕೇಪ್ ವೆಲಾಸಿಟಿಗೆ ‘ವಿಮೋಚನಾ ವೇಗ’ ಅಂತಿದೆ, ಭೂಮಿಯದ್ದು ಸೆಕೆಂಡಿಗೆ 11.2 ಕಿಲೋಮೀಟರ್. ಇವರ ಲಾಂಜೆವಿಟಿ ಎಸ್ಕೇಪ್ ವೆಲಾಸಿಟಿ ಅಂದರೆ, ವರ್ಷವೊಂದು ಕಳೆಯುವಷ್ಟರಲ್ಲಿ ವೈದ್ಯವಿಜ್ಞಾನ ನಮ್ಮ ಉಳಿದ ಆಯುಷ್ಯಕ್ಕೆ ಒಂದು ವರ್ಷಕ್ಕಿಂತ ಹೆಚ್ಚು ಸೇರಿಸುವ ಹಂತ. ‘ಆಯುಷ್ಯದ ವಿಮೋಚನಾ ವೇಗ’ ಎಂದರೆ ನಮ್ಮೂರಲ್ಲಿ ಆಂಬ್ಯುಲೆನ್ಸ್ ಕರೆಸುತ್ತಾರೆ.

ನನಗೆ ಅತಿ ಹೆಚ್ಚು ಸಹಾಯ ಮಾಡಿದವನು ತತ್ತ್ವಶಾಸ್ತ್ರದವನಲ್ಲ, ನನ್ನ ಭಾವಮೈದುನ, ಶಿವಮೊಗ್ಗ ಜಿಲ್ಲೆಯಲ್ಲಿ ಪಶುವೈದ್ಯ. ಕ್ರಯಾನಿಕ್ಸ್ ಪುಟ ತೆರೆದು ಕೂತಿದ್ದೆ. 1967ರ ಜನವರಿ 12ರಂದು ಕ್ಯಾಲಿಫೋರ್ನಿಯಾದಲ್ಲಿ ಜೇಮ್ಸ್ ಬೆಡ್‌ಫರ್ಡ್ ಎಂಬ ಮನಶ್ಶಾಸ್ತ್ರದ ಪ್ರೊಫೆಸರ್ ತೀರಿಕೊಂಡಾಗ ಅವರ ದೇಹವನ್ನು ಮುಂದೆಂದೋ ಎಬ್ಬಿಸುವ ಆಸೆಯಿಂದ ಶೈತ್ಯದಲ್ಲಿಟ್ಟರು, ಇಂದಿಗೂ ಇಟ್ಟಿದ್ದಾರೆ. ಮೈನಸ್ 196 ಡಿಗ್ರಿಯ ದ್ರವ ಸಾರಜನಕ ಎಂದು ನಾನು ಗಂಭೀರವಾಗಿ ವಿವರಿಸುತ್ತಿದ್ದರೆ ಅವನು, “ನನ್ನ ಬೈಕಿನ ಹಿಂದೆ ಕಟ್ಟಿಕೊಂಡು ಓಡಾಡೋದು ಅದೇ ಅಲ್ವಾ ಭಾವ” ಅಂದ. ಹೌದಲ್ಲ! ಹಳ್ಳಿಗಳಲ್ಲಿ ಹಸುಗಳಿಗೆ ಕೃತಕ ಗರ್ಭಧಾರಣೆ ಮಾಡಿಸುವ ವೀರ್ಯನಳಿಕೆಗಳು ಇರುವುದು ಅದೇ ದ್ರವದ ಕ್ಯಾನಿನಲ್ಲಿ. ಮೂವತ್ತೇಳು ಡಿಗ್ರಿ ಬೆಚ್ಚನೆ ನೀರಿನಲ್ಲಿ ಅರ್ಧ ನಿಮಿಷ ಅದ್ದಿದರೆ ಜೀವಕೋಶಗಳು ಎದ್ದು ಈಜುತ್ತವೆ. 1949ರಲ್ಲಿ ಇಂಗ್ಲೆಂಡಿನಲ್ಲಿ ಗ್ಲಿಸರಾಲ್ ಬೆರೆಸಿದರೆ ವೀರ್ಯಾಣುಗಳು ಶೈತ್ಯದಲ್ಲಿ ಸಾಯುವುದಿಲ್ಲ ಎಂದು ಕಂಡುಕೊಂಡ ಮೇಲೆ ಬೆಳೆದ ವಿದ್ಯೆ ಅದು.

“ಮತ್ತೆ ಇಡೀ ಮನುಷ್ಯ ಯಾಕೆ ಏಳಲ್ಲ?” ಅಂದೆ. ಅವನು ಫ್ರೀಜರಿನಿಂದ ಒಂದು ಟೊಮೆಟೊ ತೆಗೆದು ತಟ್ಟೆಯಲ್ಲಿಟ್ಟ. ಊಟ ಮುಗಿಯುವ ಹೊತ್ತಿಗೆ ಅದು ಪಿಚಕ್ಕೆಂದು ನೀರು ಬಿಟ್ಟು ಕುಸಿದಿತ್ತು. ನೀರು ಹರಳುಗಟ್ಟುವಾಗ ಕೋಶಗಳು ಹರಿದುಹೋಗುತ್ತವೆ. ಒಂದು ಹನಿಯನ್ನು ಸಮನಾಗಿ ತಣಿಸಬಹುದು, ಒಂದು ಮಿದುಳನ್ನು ಕಷ್ಟ. ಅದಕ್ಕೇ ಕ್ರಯಾನಿಕ್ಸ್‌ನವರು ಈಗ ‘ಫ್ರೀಜ್’ ಎಂಬ ಮಾತನ್ನೇ ಒಪ್ಪುವುದಿಲ್ಲ, ‘ವಿಟ್ರಿಫೈ’ ಅನ್ನುತ್ತಾರೆ. ರಕ್ತದ ಜಾಗದಲ್ಲಿ ರಕ್ಷಕ ದ್ರಾವಣ ಹರಿಸಿ, ಹರಳಾಗದೆ ಗಾಜಿನಂತೆ ಗಟ್ಟಿಯಾಗುವ ಹಾಗೆ ನೋಡಿಕೊಳ್ಳುವುದು. ನಾನು ಅಲ್ಲಿಯವರೆಗೆ ಎಲ್ಲ ಕಡೆ ‘ಹೆಪ್ಪುಗಟ್ಟಿಸು’ ಎಂದು ಬರೆದಿದ್ದೆ. ಅವರು ಮಾಡಬಾರದು ಅಂದುಕೊಂಡದ್ದೇ ಅದು. ಅವತ್ತು ಆ ಟೊಮೆಟೊ ಮುಂದೆ ಕೂತು ‘ಗಾಜುಗಟ್ಟಿಸು’ ಎಂದು ತಿದ್ದಿದೆ. ನನ್ನ ಪಟ್ಟಿಯಲ್ಲಿ ನನಗೆ ಹೆಮ್ಮೆಯಿರುವ ಪದ ಅದೊಂದೇ. ಗಾಜುಗಟ್ಟಿದ ಮನುಷ್ಯರಲ್ಲಿ ಈವರೆಗೆ ಯಾರೂ ಎದ್ದಿಲ್ಲ ಎಂಬುದನ್ನೂ ಅದೇ ನಮೂದಿನಲ್ಲಿ ಬರೆದೆ. ಅಲ್ಲಿಯವರು ಈ ದೇಹಗಳನ್ನು ‘ಪೇಷೆಂಟ್’ ಅನ್ನುತ್ತಾರೆ. ‘ರೋಗಿ’ ಅನ್ನಲು ಕೈ ಬರಲಿಲ್ಲ, ‘ಶವ’ ಅಂದರೆ ಅವರ ವಾದವನ್ನು ಕೇಳುವ ಮೊದಲೇ ತೀರ್ಪು ಕೊಟ್ಟಂತೆ. ‘ಅವರು ರೋಗಿ ಎಂದು ಕರೆಯುವ’ ಎಂದು ಉದ್ದವಾಗಿಯೇ ಬರೆದೆ.

ಅದೇ ಭಾವಮೈದುನ ಇನ್ನೊಂದು ಪುಟದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ. ‘ಹ್ಯೂಮನ್ ಎನ್‌ಹ್ಯಾನ್ಸ್‌ಮೆಂಟ್’ಗೆ ನಾನು ‘ಮಾನವ ಸುಧಾರಣೆ’ ಎಂದು ಬರೆದಿದ್ದೆ. ವಂಶವಾಹಿ ತಿದ್ದುವ ಭಾಗದಲ್ಲಿ ಅದು ‘ತಳಿ ಸುಧಾರಣೆ’ ಆಗಿತ್ತು. ಅವನು ನೋಟ್‌ಬುಕ್ ಕೆಳಗಿಟ್ಟು ಹೇಳಿದ: “ತಳಿ ಸುಧಾರಣೆ ನಾನು ದಿನಾ ಮಾಡ್ತೀನಿ. ಅದರಲ್ಲಿ ಮೊದಲ ಕೆಲಸ ಹೋರಿ ಆರಿಸೋದಲ್ಲ, ಬೇಡವಾದ ಹೋರಿಗಳ ಬೀಜ ಒಡೆಯೋದು.”

ನನಗೆ ಆ ರಾತ್ರಿ ಊಟ ಸೇರಲಿಲ್ಲ. ಈ ಪದ ಕೊಟ್ಟ ಹಕ್ಸ್‌ಲಿ 1959ರಿಂದ 1962ರವರೆಗೆ ಬ್ರಿಟನ್ನಿನ ಯುಜೆನಿಕ್ಸ್ (ಆರಿಸಿ ಹುಟ್ಟಿಸಿ ಮನುಷ್ಯರ ತಳಿ ಸುಧಾರಿಸಬೇಕು ಎನ್ನುವ ವಾದ) ಸೊಸೈಟಿಯ ಅಧ್ಯಕ್ಷನಾಗಿದ್ದ ಎಂದು ಓದಿದ್ದೆ, ಲೇಖನದಲ್ಲಿ ಅರ್ಧ ಸಾಲು ಕೊಟ್ಟು ದಾಟಿಸಿದ್ದೆ. ಇವತ್ತಿನ ಟ್ರಾನ್ಸ್‌ಹ್ಯೂಮನಿಸ್ಟರು ತಮ್ಮದು ಬೇರೆ ಅನ್ನುತ್ತಾರೆ: ಸರ್ಕಾರದ ಬಲವಂತವಲ್ಲ, ಪ್ರತಿಯೊಬ್ಬರ ಸ್ವಂತ ಆಯ್ಕೆ, ಅದಕ್ಕೇ ‘ಮಾರ್ಫಲಾಜಿಕಲ್ ಫ್ರೀಡಂ’, ನನ್ನ ಪಟ್ಟಿಯ ‘ರೂಪಸ್ವಾತಂತ್ರ್ಯ’. ಆ ವಾದವನ್ನು ಪ್ರಾಮಾಣಿಕವಾಗಿಯೇ ಬರೆದೆ. ಆದರೆ ಜಾತಿ ನೋಡಿ ಮದುವೆ ಕುದುರಿಸುವ ನಾಡಿನಲ್ಲಿ ‘ಸ್ವಂತ ಆಯ್ಕೆ’ ಎಷ್ಟು ಸ್ವಂತ ಎಂಬುದು ನಮಗೆ ಯಾರೂ ಹೇಳಿಕೊಡಬೇಕಿಲ್ಲ. ಅರ್ಧ ಸಾಲನ್ನು ಎರಡು ಪ್ಯಾರಾ ಮಾಡಿದೆ. ‘ಸುಧಾರಣೆ’ ಹೊಡೆದು ‘ವರ್ಧನೆ’ ಎಂದು ಹಾಕಿದೆ. ಸುಧಾರಣೆಯಲ್ಲಿ ಈಗ ಇರುವುದು ಕೆಟ್ಟದ್ದು ಎಂಬ ಮಾತು ಅಡಗಿದೆ, ವರ್ಧನೆಯಲ್ಲಿ ಇಲ್ಲ. ‘ತಳಿ’ಯನ್ನು ಮಾತ್ರ ಟೀಕಾಕಾರರ ಮಾತು ಬರುವ ಕಡೆ ಬೇಕೆಂದೇ ಉಳಿಸಿದೆ.

‘ಮೈಂಡ್ ಅಪ್‌ಲೋಡಿಂಗ್’ಗೆ ಎಲ್ಲರೂ ಕೊಟ್ಟ ಸಲಹೆ ‘ಪರಕಾಯ ಪ್ರವೇಶ’. ಕಿವಿಗೆ ಹಿತ, ಅರ್ಥಕ್ಕೆ ಮೋಸ. ಶಂಕರರು ಅಮರುಕ ರಾಜನ ದೇಹ ಹೊಕ್ಕ ಕಥೆಯಲ್ಲಿ ಜೀವ ಇಲ್ಲಿಂದ ಹೊರಟು ಅಲ್ಲಿ ಸೇರುತ್ತದೆ, ಈ ದೇಹ ಖಾಲಿ. ಅಪ್‌ಲೋಡಿಂಗ್‌ನವರಿಗೆ ಜೀವದ ಪ್ರಸ್ತಾಪವೇ ಇಲ್ಲ. ಸುಮಾರು 8,600 ಕೋಟಿ ನರಕೋಶಗಳ ಹೆಣಿಗೆಯನ್ನು ಹಾಗೆಹಾಗೇ ಯಂತ್ರದಲ್ಲಿ ನಡೆಸಿದರೆ ಅದೇ ನೀವು ಎಂಬುದು ವಾದ. ಮೂಲ ಇಲ್ಲೇ ಕಾಫಿ ಕುಡಿಯುತ್ತಿರಬಹುದು. (302 ನರಕೋಶಗಳ ಒಂದು ಹುಳದ ನರಜಾಲದ ನಕ್ಷೆ 1986ರಲ್ಲೇ ಪ್ರಕಟವಾಗಿದೆ, ಆ ಹುಳವೇ ಇನ್ನೂ ಪೂರ್ತಿಯಾಗಿ ಕಂಪ್ಯೂಟರಿಗೆ ಇಳಿದಿಲ್ಲ.) ‘ನಕಲು’ ಅನ್ನೋಣವೆಂದರೆ ಪಕ್ಕದಲ್ಲೇ ‘ನಕಲಿ’ ಕೂತಿದೆ.

ಈ ಗಂಟು ಬಿಡಿಸಿದ್ದು ಹಸ್ತಪ್ರತಿ. ಗದುಗಿನ ಭಾರತದ ಓಲೆಗರಿಯನ್ನು ಒಬ್ಬ ಲಿಪಿಕಾರ ಇನ್ನೊಂದು ಕಟ್ಟಿಗೆ ಇಳಿಸಿದಾಗ ನಾವು ನಕಲು ಅನ್ನುವುದಿಲ್ಲ, ಪ್ರತಿ ಅನ್ನುತ್ತೇವೆ. ಪ್ರತಿಯೂ ಗದುಗಿನ ಭಾರತವೇ. ಮೂಲ ಓಲೆಗೆ ಗೆದ್ದಲು ಹಿಡಿದರೂ ಕಾವ್ಯ ಸಾಯಲಿಲ್ಲ. ಅಪ್‌ಲೋಡಿಂಗ್ ವಾದದ ತಿರುಳು ಪೂರ್ತಿ ಇಷ್ಟೇ, ಮನಸ್ಸು ಓಲೆಯಲ್ಲ, ಕಾವ್ಯ. ಅದಕ್ಕೆ ಎದುರುವಾದವೂ ಅದೇ ಪದದಲ್ಲಿ ಸಿಕ್ಕಿಬಿಟ್ಟಿತು: ಕಾವ್ಯಕ್ಕೆ ತಾನು ಓದಿಸಿಕೊಳ್ಳುತ್ತಿದ್ದೇನೆ ಎಂದು ಗೊತ್ತಾಗುವುದಿಲ್ಲ. ‘ಮನಸ್ಸಿನ ಪ್ರತಿ ಎತ್ತುವುದು’ ಎಂದು ಬರೆದೆ.

ಉಳಿದವು ಬೇಗ ಸಾಗಿದವು. ಯಂತ್ರಗಳು ತಮಗಿಂತ ಜಾಣ ಯಂತ್ರಗಳನ್ನು ಕಟ್ಟುತ್ತ ಹೋಗುತ್ತವೆ ಎಂದು ಗಣಿತಜ್ಞ ಐ.ಜೆ. ಗುಡ್ 1965ರಲ್ಲಿ ಹೇಳಿದ್ದಕ್ಕೆ ‘ಬುದ್ಧಿಸ್ಫೋಟ’. ಯಂತ್ರಬುದ್ಧಿ ಮನುಷ್ಯನ ಊಹೆಗೂ ನಿಲುಕದಷ್ಟು ಬೆಳೆಯುವ ಘಟ್ಟ ಸಿಂಗ್ಯುಲಾರಿಟಿ, ಅದಕ್ಕೆ ‘ಏಕತ್ವ’ ಹಾಕಿ ನೋಡಿದೆ, ಓದಿದವರೆಲ್ಲ ಅದ್ವೈತಕ್ಕೆ ಹೊರಟರು, ಸಿಂಗ್ಯುಲಾರಿಟಿ ಎಂದೇ ಬಿಟ್ಟೆ. ಎಕ್ಸ್‌ಟ್ರೊಪಿಯೂ ಹಾಗೇ, ಎಂಟ್ರೊಪಿಗೆ (ಅವ್ಯವಸ್ಥೆಯ ಅಳತೆಗೆ) ಎದುರಾಗಿ 1988ರಲ್ಲಿ ಕಟ್ಟಿದ ಪದಚಮತ್ಕಾರ ಅದು, ಭಾಷೆ ಬದಲಿಸಿದರೆ ಚಮತ್ಕಾರ ಸಾಯುತ್ತದೆ.

ಒಂದು ಆಸೆಯನ್ನು ಮಾತ್ರ ಕಷ್ಟಪಟ್ಟು ತಡೆದೆ. ಅಲ್ಲಮ ಮತ್ತು ಗೋರಕ್ಷನ ಪ್ರಸಂಗ. ಗೋರಕ್ಷ ಕಾಯಸಿದ್ಧಿ ಪಡೆದವನು, ಅವನ ಮೈಗೆ ಕತ್ತಿ ಬೀಸಿದರೆ ಠಣ್ಣೆನ್ನುತ್ತದೆ. ಅಲ್ಲಮನಿಗೆ ಬೀಸಿದ ಕತ್ತಿ ಗಾಳಿಯಲ್ಲಿ ಹಾಯ್ದ ಹಾಗೆ ಹಾಯ್ದುಹೋಗುತ್ತದೆ. ವರ್ಧಿತ ದೇಹಕ್ಕೆ ‘ವಜ್ರಕಾಯ’ ಎಂದು ಬರೆದು ಆ ಕಥೆಯನ್ನು ಕೊನೆಗಿಟ್ಟಿದ್ದೆ. ಎರಡು ಸಲ ಓದಿ ತೆಗೆದೆ. ಆ ಕಥೆ ಬಂದರೆ ನಮ್ಮ ಓದುಗ ತಲೆದೂಗಿ, ಇದೆಲ್ಲ ನಮ್ಮಲ್ಲಿ ಎಂದೋ ಮುಗಿದ ಚರ್ಚೆ ಎಂದು ಪುಸ್ತಕ ಮುಚ್ಚುತ್ತಾನೆ. ಕಣ್ಣಿಗೆ ಮಸೂರ, ಎದೆಗೆ ಪೇಸ್‌ಮೇಕರ್ ಹಾಕಿಸಿಕೊಂಡವರು ಮನೆಮನೆಯಲ್ಲಿರುವಾಗ ಚರ್ಚೆ ಮುಗಿದಿಲ್ಲ.

ಪಟ್ಟಿಯಲ್ಲಿ ಈಗ ಮೂವತ್ತೊಂಬತ್ತು ಪದ. ತಲೆಬರಹದಲ್ಲಿ ಟ್ರಾನ್ಸ್‌ಹ್ಯೂಮನಿಸಂ ಎಂದೇ ಉಳಿಸಿ, ಒಳಗೆ ಹಕ್ಸ್‌ಲಿ ಬರುವಲ್ಲಿ ಮೀರುವುದು, ಎಫ್‌ಎಂ-2030 ಬರುವಲ್ಲಿ ದಾಟುವುದು ಎಂದು ಬೇರೆಬೇರೆ ಬರೆದೆ. ‘ಪೋಸ್ಟ್‌ಹ್ಯೂಮನ್’ ಪುಟದಲ್ಲಿ ‘ಮಾನವೋತ್ತರ’ ಎಂದು ಪೆನ್ಸಿಲಿನಲ್ಲಿದೆ. ಭಾವಮೈದುನ ಅದರ ಪಕ್ಕದಲ್ಲಿ “ಆಚೆ ದಡದವರು?” ಎಂದು ಗೀಚಿ ಹೋಗಿದ್ದಾನೆ, ಅದನ್ನೂ ಅಳಿಸಿಲ್ಲ.