ಎಮ್ಮೆ ತೊಗಲಿನ ಹರಿಗೋಲು ಕಟ್ಟುವ ಬಗೆ

ತುಂಗಭದ್ರೆ ದಡದ ಆನೆಗೊಂದಿ ಕಡೆ ಈಗ ಓಡಾಡುವ ಹರಿಗೋಲುಗಳಿಗೆ ಪ್ಲಾಸ್ಟಿಕ್ ಹಾಳೆ, ಡಾಂಬರಿನ ಹೊದಿಕೆ. 1520ರ ಸುಮಾರಿಗೆ ಇಲ್ಲಿಗೆ ಬಂದಿದ್ದ ಪೋರ್ಚುಗೀಸ ಡೊಮಿಂಗೊ ಪಾಯೆಸ್ ಬರೆದಿಟ್ಟದ್ದು ತೊಗಲು ಹೊದಿಸಿದ ಬುಟ್ಟಿಯಂಥ ದೋಣಿಯನ್ನು. ಒಳಗಿನ ಹೆಣಿಗೆ ಎರಡಕ್ಕೂ ಹೆಚ್ಚುಕಡಿಮೆ ಒಂದೇ. ಕೆಲಸ ಕೆಡುವುದು ತೊಗಲಿನಲ್ಲಿ.

ಆರಡಿ ಅಗಲ, ಎರಡಡಿ ಆಳದ ಹರಿಗೋಲಿಗೆ ಹನ್ನೆರಡು ಅಡಿ ಉದ್ದದ ಬಿದಿರಿನ ದಬ್ಬೆ ಬೇಕು. ತಳ ದಾಟಿ ಎರಡೂ ಬದಿ ಮೇಲೇರಿದ ಮೇಲೂ ಅಂಚಿಗೆ ಸುತ್ತಲು ಉಳಿಯಬೇಕು. ಬಲಿತ ಬಿದಿರನ್ನೇ ತನ್ನಿ, ಎಳೆಯದಕ್ಕೆ ಬೇಗ ಹುಳ ಬೀಳುತ್ತದೆ. ಹೆಬ್ಬೆರಳಗಲ ಸೀಳಿ ರಾತ್ರಿಯಿಡೀ ನೆನೆಸಿ. ಗೆಣ್ಣು ಕೆತ್ತಿ, ಅಂಗೈಯಿಂದ ಸವರಿ ನೋಡಿ. ಅಂಗೈಗೆ ಚುಚ್ಚುವ ಗೆಣ್ಣು ನಾಳೆ ತೊಗಲನ್ನು ಕೊರೆಯುತ್ತದೆ. ಸಿಪ್ಪೆಯ ಮೈ ಹೊರಗಿರಲಿ: ಬಾಗಿಸುವಾಗ ಸಿಡಿಯುವುದಿಲ್ಲ, ತೊಗಲಿಗೂ ನುಣುಪು.

ನೆಲದ ಮೇಲೆ ದಬ್ಬೆಗಳನ್ನು ಎರಡೆರಡು ಜೋಡಿಸಿ ಅಡ್ಡಡ್ಡ ಹೆಣೆಯಿರಿ. ನಡುವೆ ಕಲ್ಲು ಹೇರಿ ತುದಿಗಳನ್ನು ಮೇಲೆತ್ತಿ, ಮಣಿಕಟ್ಟಿನಷ್ಟು ದಪ್ಪ ಅಂಚು ಸುತ್ತಿ ಬಿಗಿಯಿರಿ. ಅಂಚು ಸಡಿಲಾದರೆ ಜನ ಕೂತಾಗ ಬುಟ್ಟಿ ಅಲುಗಿ ಹೊಲಿಗೆ ಬಿಡುತ್ತದೆ.

ತಂಗಡಿ ಗಿಡದ ತೊಗಟೆಯಲ್ಲಿ ಹದ ಮಾಡಿದ ತೊಗಲು ಒಳ್ಳೆಯದು. ಇದ್ದುದರಲ್ಲಿ ದೊಡ್ಡದು ತಳಕ್ಕೆ, ಉಳಿದವು ಬದಿಗೆ. ತುಂಗಭದ್ರೆಯ ಬಂಡೆ ಉಜ್ಜುವುದು ತಳವನ್ನೇ, ಹಾಗಾಗಿ ಹೊಲಿಗೆ ಅಲ್ಲಿ ಬರಲೇಬಾರದು. ಎರಡು ಬೆರಳಗಲ ಒಂದರ ಮೇಲೊಂದಿಟ್ಟು ತೊಗಲಿನ ದಾರದಲ್ಲಿ ಎರಡು ಸಾಲು ಹೊಲಿಯಿರಿ. ನೀರು ಕುಡಿದ ದಾರ ಉಬ್ಬಿ ದಬ್ಬಳದ ತೂತು ಮುಚ್ಚುತ್ತದೆ. ನೂಲಿನ ದಾರ ಕೊಳೆಯುತ್ತದೆ. ಬುಟ್ಟಿಗೆ ಹೊದಿಸಿ ಒಣಗಿದ ಮೇಲೆ ಹೊಲಿಗೆಗೆ ಎಣ್ಣೆಯಲ್ಲಿ ಕಾಯಿಸಿದ ರಾಳ ಬಳಿಯಿರಿ.

ತೊಗಲು ಒದ್ದೆಯಿದ್ದಾಗಲೇ ಬೋರಲು ಹಾಕಿದ ಬುಟ್ಟಿಗೆ ಹೊದಿಸಿ ಅಂಚಿಗೆ ಕಟ್ಟಬೇಕು. ಹಲಗೆ ವಾದ್ಯದ ಚರ್ಮದಂತೆ ಬಿಗಿ ಎಳೆಯಬೇಡಿ. ಒಣಗಿದಂತೆ ಅದೇ ಸೆಳೆದುಕೊಳ್ಳುತ್ತದೆ. ಅವಸರಕ್ಕೆ ರಾಯಚೂರಿನ ಬಿಸಿಲಿಗಿಟ್ಟರೆ ಒಂದು ಬದಿ ಮೊದಲು ಸೆಟೆದು ಬುಟ್ಟಿ ಮೊಟ್ಟೆಯಾಕಾರಕ್ಕೆ ತಿರುಗುತ್ತದೆ, ಆಮೇಲೆ ಸರಿಪಡಿಸಲು ಬರುವುದಿಲ್ಲ. ನೆರಳಲ್ಲಿ ನಿಧಾನವಾಗಿ ಒಣಗಲಿ.

ಎರಡು ಕೊಡ ನೀರು ಒಳಗೆ ಸುರಿದು, ನಾಲ್ವರು ಅಂಚು ಹಿಡಿದೆತ್ತಿ ನೋಡಿ. ಜಿನುಗುವ ಕಡೆ ಇದ್ದಿಲ ಗುರುತು ಹಾಕಿ, ಒಣಗಿದ ಮೇಲೆ ಮತ್ತೆ ರಾಳ.

ಹುಟ್ಟನ್ನು ಬದಿಗೆ ಹಾಕಿದರೆ ಹರಿಗೋಲು ಗಿರಗಿರನೆ ಸುತ್ತುತ್ತದಷ್ಟೆ. ಮುಂದೆ ಬಾಗಿ, ನೀರನ್ನು ತಮ್ಮ ಕಡೆ ಎಳೆದುಕೊಳ್ಳಬೇಕು. ಮೂರ್ನಾಲ್ಕು ಜನ ಸಾಕು, ಎಲ್ಲರೂ ಲೈಫ್ ಜಾಕೆಟ್ ಹಾಕಿಕೊಂಡಿರಲಿ. ಡ್ಯಾಮಿನಿಂದ ನೀರು ಬಿಟ್ಟ ದಿನ ಹೊಳೆಗಿಳಿಯಬೇಡಿ. ದಡಕ್ಕೆ ಬಂದೊಡನೆ ಬೋರಲು ಹಾಕಿ. ನೀರಲ್ಲೇ ಬಿಟ್ಟ ತೊಗಲು ಹೊಲಿಗೆಯ ಹತ್ತಿರದಿಂದ ಕೊಳೆಯಲು ಶುರುವಾಗುತ್ತದೆ.