ವಿಚರ್ 3ರಲ್ಲಿ ಗ್ವೆಂಟ್ ಕಾರ್ಡ್ ಒಂದೂ ತಪ್ಪದಂತೆ ಕೂಡಿಸುವುದು ಹೇಗೆ

ದಿ ವಿಚರ್ 3: ವೈಲ್ಡ್ ಹಂಟ್ ಎಂಬ ವಿಡಿಯೋ ಆಟದಲ್ಲಿ ಅಡಗಿದ ವಸ್ತುಗಳು ಎರಡು ಬಗೆಯವು. ಒಂದು ಬಗೆಯವು ಪೆಟ್ಟಿಗೆಯಲ್ಲೋ ಗವಿಯಲ್ಲೋ ಇರುತ್ತವೆ. ನೂರು ತಾಸು ಬಿಟ್ಟು ಹೋದರೂ ಅಲ್ಲೇ ಇರುತ್ತವೆ. ಇನ್ನೊಂದು ಬಗೆಯವು ಮನುಷ್ಯರ ಕೈಯಲ್ಲಿರುತ್ತವೆ. ಆ ಮನುಷ್ಯ ಸತ್ತರೆ ಅಥವಾ ಊರು ಬಿಟ್ಟರೆ ವಸ್ತುವೂ ಕೈತಪ್ಪಿತು. ಗ್ವೆಂಟ್ ಎಂದರೆ ಈ ಆಟದೊಳಗೇ ಆಡುವ ಕಾರ್ಡ್ ಆಟ, ಅದರ ಕಾರ್ಡುಗಳಲ್ಲಿ ಮುಖ್ಯವಾದವೆಲ್ಲ ಈ ಎರಡನೇ ಬಗೆಯವು. ಎಲ್ಲ ಕಾರ್ಡ್ ಕೂಡಿಸುವ 'ಕಲೆಕ್ಟ್ ಎಮ್ ಆಲ್' ಕ್ವೆಸ್ಟ್ (ಆಟ ಒಪ್ಪಿಸುವ ಕೆಲಸ) ಹಿಡಿದವರು ಕೊನೆಗೆ ಒಂದೋ ಎರಡೋ ಕಾರ್ಡಿಗೆ ಸಿಕ್ಕಿಬೀಳುವುದು ಇದೇ ಕಾರಣಕ್ಕೆ. ಹಾಗಾಗಿ ಕಥೆಗಿಂತ ಒಂದು ಹೆಜ್ಜೆ ಮುಂದೆ ಕಾರ್ಡ್ ಆಟ ನಡೆಯಬೇಕು. ಕೆಳಗಿನ ಕ್ರಮ ಆ ಲೆಕ್ಕದಲ್ಲೇ ಇದೆ.

ಶುರು ಮಾಡುವ ಮೊದಲು

2022ರ ಡಿಸೆಂಬರ್ 14ರ ದೊಡ್ಡ ಅಪ್‌ಡೇಟ್ ಆದ ಮೇಲೆ ಆಟಕ್ಕೆ 50 ಜಿಬಿ ಜಾಗ ಬೇಕು. ಹಳೆಯ ಗ್ರಾಫಿಕ್ಸ್ ಕಾರ್ಡಿನಲ್ಲಿ ಆಟ ತಡವರಿಸುತ್ತಿದ್ದರೆ ಲಾಂಚರಿನಲ್ಲಿ ಡೈರೆಕ್ಟ್‌ಎಕ್ಸ್ 12 ಬದಲು 11 ಆರಿಸಿ. ಬಹಳಷ್ಟು ಪಿಸಿಗಳಲ್ಲಿ ಅಷ್ಟಕ್ಕೇ ಆಟ ಸರಾಗವಾಗುತ್ತದೆ.

ಅದೇ ಅಪ್‌ಡೇಟ್ ನಕಾಶೆಯನ್ನೂ ಬದಲಿಸಿದೆ. ಹಳೆಯ ವಿಡಿಯೋ ನೋಡಿಕೊಂಡು ಆಡುವವರು "ನನ್ನ ನಕಾಶೆಯಲ್ಲಿ ಪ್ರಶ್ನೆ ಚಿಹ್ನೆಗಳೇ ಇಲ್ಲ" ಎಂದು ಗಾಬರಿಯಾಗುತ್ತಾರೆ. ಚಿಹ್ನೆಗಳು ಎಲ್ಲಿಗೂ ಹೋಗಿಲ್ಲ. ಈಗ ನಕಾಶೆಯ ಫಿಲ್ಟರ್ ಮೊದಲಿಗೆ ಅವನ್ನೂ ದೋಣಿಗಳ ಗುರುತನ್ನೂ ಮರೆಮಾಡಿರುತ್ತದೆ. ಫಿಲ್ಟರನ್ನು 'ಆಲ್' ಮಾಡಿದರೆ ಎಲ್ಲವೂ ಕಾಣುತ್ತವೆ. ಹೊಸ ಊರಿಗೆ ಕಾಲಿಟ್ಟ ಕೂಡಲೇ ಅಲ್ಲಿನ ನೋಟಿಸ್ ಬೋರ್ಡ್ ಓದಿ. ಸುತ್ತಲಿನ ಚಿಹ್ನೆಗಳು ತೆರೆದುಕೊಳ್ಳುವುದು ಬೋರ್ಡ್ ಓದಿದ ಮೇಲೆ.

ಇನ್ನು ಕರೆಂಟು. ಬೇಸಿಗೆಯಲ್ಲಿ ಅಥಣಿ, ಇಂಡಿ, ಮುಧೋಳದ ಕಡೆ ಆಡುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಗ್ವೆಂಟ್ ಪಂದ್ಯದ ನಡುವೆ ಸೇವ್ ಮಾಡಲು ಬರುವುದಿಲ್ಲ. ಆದ್ದರಿಂದ ಎದುರಾಳಿಯನ್ನು ಮಾತಾಡಿಸುವ ಮೊದಲು ಒಂದು ಮ್ಯಾನುಯಲ್ ಸೇವ್ ಮಾಡಿ. ಎಫ್5 ಒತ್ತಿದರೆ ಕ್ವಿಕ್ ಸೇವ್ ಆಗುತ್ತದೆ ನಿಜ, ಆದರೆ ಅದನ್ನೊಂದನ್ನೇ ನೆಚ್ಚಬೇಡಿ. ಮುಂದಿನ ಕ್ವಿಕ್ ಸೇವ್‌ಗಳು ಹಳೆಯದನ್ನು ಅಳಿಸುತ್ತ ಹೋಗುತ್ತವೆ. ವಾರಕ್ಕೊಮ್ಮೆ ಡಾಕ್ಯುಮೆಂಟ್ಸ್ ಒಳಗಿನ 'ದಿ ವಿಚರ್ 3' ಫೋಲ್ಡರಿಗೆ ಹೋಗಿ 'ಗೇಮ್‌ಸೇವ್ಸ್' ಎಂಬುದನ್ನು ಪೆನ್‌ಡ್ರೈವಿಗೆ ಕಾಪಿ ಮಾಡಿಕೊಳ್ಳಿ. ಕರೆಂಟು ಹೋಗಿ ಫೈಲ್ ಕೆಟ್ಟರೆ ಇದೊಂದೇ ಆಸರೆ.

ಮೊದಲ ಊರಲ್ಲೇ ಮಾಡಿ ಮುಗಿಸಬೇಕಾದ್ದು

ವೈಟ್ ಆರ್ಚರ್ಡ್ ಹೋಟೆಲಿನಲ್ಲಿ ಕೂತಿರುವ ಪಂಡಿತ ಗ್ವೆಂಟ್ ಕಲಿಸುತ್ತಾನೆ. ಪಾಠ ಬೇಡವೆಂದು ದಾಟಿ ಹೋಗಬೇಡಿ, ಕಾರ್ಡ್ ಕೂಡಿಸುವ ಕ್ವೆಸ್ಟ್ ಶುರುವಾಗುವುದು ಈ ಊರಲ್ಲೇ. 'ಎ ಮಿರಾಕ್ಯುಲಸ್ ಗೈಡ್ ಟು ಗ್ವೆಂಟ್' ಎಂಬ ಪುಸ್ತಕವನ್ನೂ ಅವನಿಂದಲೇ ತೆಗೆದುಕೊಳ್ಳಿ. ಇನ್ನೂ ಎಷ್ಟು ಕಾರ್ಡ್ ಬಾಕಿ ಇವೆ, ಎಲ್ಲಿ ಸಿಗುತ್ತವೆ ಎಂಬುದನ್ನು ಈ ಪುಸ್ತಕ ಹೇಳುತ್ತದೆ. ಆಗ ಮರೆತವರು ಮುಂದೆ ನೊವಿಗ್ರಾಡ್ ನಗರದ ಗಿಲ್ಡಾರ್ಫ್ ಪೇಟೆಯಲ್ಲಿ, ಸೇಂಟ್ ಗ್ರೆಗರಿ ಸೇತುವೆ ಹತ್ತಿರದ ವ್ಯಾಪಾರಿಯ ಬಳಿ ಕೊಳ್ಳಬಹುದು. ಈ ಪುಸ್ತಕ ಆಟ ಬಿಡುಗಡೆಯಾದಾಗ ಇರಲಿಲ್ಲ, ಆಮೇಲಿನ ಪ್ಯಾಚ್‌ನಲ್ಲಿ ಬಂತು. ಪ್ಯಾಚ್ ಇಲ್ಲದ ಹಳೆಯ ಡಿಸ್ಕ್ ಹಾಕಿ ಆಡುವವರಿಗೆ ಇದು ಸಿಗುವುದಿಲ್ಲ, ಕೈತಪ್ಪಿದ ಕಾರ್ಡುಗಳೂ ಮರಳಿ ಬರುವುದಿಲ್ಲ. ಅಂಥವರು ಒಮ್ಮೆ ಅಪ್‌ಡೇಟ್ ಹಾಕಿಕೊಂಡೇ ಶುರು ಮಾಡಲಿ.

ಅದೇ ಹೋಟೆಲಿನ ಒಡತಿ ಕಾರ್ಡ್ ಮಾರುತ್ತಾಳೆ. ಅವಳ ಹತ್ತಿರ ಇದ್ದಷ್ಟನ್ನೂ ಕೊಂಡುಬಿಡಿ. ಕಥೆಯಲ್ಲಿ ಯೆನ್ನೆಫರ್ ಎಂಬ ಮಾಟಗಾತಿ ಸಿಗುವ ಹೊತ್ತಿಗೆ ಆ ಹೋಟೆಲಿನಲ್ಲಿ ಜಗಳವಾಗುತ್ತದೆ, ಆಮೇಲೆ ಆ ಒಡತಿ ನೀವು ಆಡಿಸುವ ನಾಯಕ ಗೆರಾಲ್ಟ್‌ನೊಡನೆ ವ್ಯಾಪಾರ ಮಾಡುವುದಿಲ್ಲ. ಶುರುವಿನಲ್ಲಿ ಕೈಯಲ್ಲಿ ದುಡ್ಡು ಕಡಿಮೆ ಇರುತ್ತದೆ. ಕತ್ತಿ, ಅಂಗಿಗೆ ಖರ್ಚು ಮಾಡದೆ ಕಾರ್ಡಿಗೆ ಹಾಕಿ. ಕತ್ತಿ ಹೇಗಿದ್ದರೂ ಸತ್ತವರ ಹತ್ತಿರ ಸಿಗುತ್ತದೆ.

ಇನ್ನು ಮುಂದೆ ಒಂದು ರೂಢಿ ಮಾಡಿಕೊಳ್ಳಿ. ಸಂತೆಗೆ ಹೋದವರು ಎಲ್ಲ ಅಂಗಡಿ ಮುಂದೆ ಒಮ್ಮೆ ನಿಂತು ಹೋಗುವಂತೆ, ಕಂಡ ಪ್ರತಿ ವ್ಯಾಪಾರಿ, ಕಮ್ಮಾರ, ಹೋಟೆಲಿನವನ ಜೊತೆ ಒಂದೊಂದು ಪಂದ್ಯ ಆಡಿ. ಮಾತಿನ ಪಟ್ಟಿಯಲ್ಲಿ ಕಾರ್ಡಿನ ಗುರುತು ಇದ್ದರೆ ಅವನು ಆಡುತ್ತಾನೆ ಎಂದು ಅರ್ಥ. ಮೊದಲ ಸಲ ಗೆದ್ದಾಗ ಮಾತ್ರ ಕಾರ್ಡ್ ಬರುತ್ತದೆ, ಅದೇ ಮನುಷ್ಯನನ್ನು ಹತ್ತು ಸಲ ಸೋಲಿಸಿದರೂ ಎರಡನೆಯದು ಬರುವುದಿಲ್ಲ. ಸಾಮಾನ್ಯ ವ್ಯಾಪಾರಿ ಕೊಡುವ ಕಾರ್ಡ್ ಯಾವುದೆಂದು ಮೊದಲೇ ಹೇಳಲಾಗದು. ಕ್ವೆಸ್ಟಿನಲ್ಲಿ ಹೆಸರಿರುವ ಆಟಗಾರರು ಕೊಡುವುದು ಮಾತ್ರ ನಿಗದಿಯಾದ ಕಾರ್ಡ್.

ಕೈತಪ್ಪುವ ಕಾರ್ಡುಗಳು

ಇಲ್ಲಿ ನಿಧಾನವಾಗಿ ಓದಿ. ಕಥೆಯ ಗುಟ್ಟು ಬಿಡದೆ ಎಷ್ಟು ಹೇಳಬಹುದೋ ಅಷ್ಟು ಹೇಳಲಾಗಿದೆ.

ವೆಲೆನ್ ಪ್ರಾಂತದ ಕ್ರೋಸ್ ಪರ್ಚ್ ಕೋಟೆಯಲ್ಲಿರುವ ಬ್ಲಡಿ ಬ್ಯಾರನ್ ಸೋತರೆ ಸಿಗಿಸ್ಮಂಡ್ ಡಿಕ್‌ಸ್ಟ್ರಾ ಕಾರ್ಡ್ ಕೊಡುತ್ತಾನೆ. ಅವನ ಸಂಸಾರದ ಕ್ವೆಸ್ಟ್ ಮುಗಿಯುವ ಮೊದಲೇ ಆಡಿಬಿಡಿ. ಆಡದೆ ಉಳಿದರೆ ಅವನ ಕಚೇರಿ ಕೋಣೆಯಲ್ಲಿ ಹುಡುಕಿ, ಕಾರ್ಡ್ ಅಲ್ಲಿ ಸಿಗುತ್ತದೆ.

ನೊವಿಗ್ರಾಡಿನಲ್ಲಿ ಟ್ರಿಸ್ ಎಂಬ ಮಾಟಗಾತಿಯ ಜೊತೆ ವೆಗೆಲ್‌ಬಡ್ ಬಂಗಲೆಯ ಮುಖವಾಡದ ಔತಣಕ್ಕೆ ಹೋಗುವ ಕ್ವೆಸ್ಟ್ 'ಎ ಮ್ಯಾಟರ್ ಆಫ್ ಲೈಫ್ ಆ್ಯಂಡ್ ಡೆತ್'. ಜನ ಅತಿ ಹೆಚ್ಚು ತಪ್ಪಿಸಿಕೊಳ್ಳುವ ಜಾಗ ಇದು. ಔತಣದಲ್ಲಿ ಒಂದು ಗ್ವೆಂಟ್ ಪಂದ್ಯಾವಳಿ ಇದೆ, ಅಲ್ಲಿನ ಆಟಗಾರರಿಂದ ಡ್ಯಾಂಡಿಲಿಯನ್, ಮಿಲ್ವಾ, ವ್ಯಾಂಪೈರ್ ಬ್ರುಕ್ಸಾ ಕಾರ್ಡುಗಳು ಬರುತ್ತವೆ. ಆ ರಾತ್ರಿ ಮುಗಿದರೆ ಮತ್ತೆ ಆ ಬಂಗಲೆಯಲ್ಲಿ ಆಟವಿಲ್ಲ. ಒಳಗೆ ಕಾಲಿಡುವ ಮೊದಲೇ ಬೇರೆ ಹೆಸರಿನಲ್ಲಿ ಒಂದು ಸೇವ್ ಇಡಿ. ಒಳಗೆ ಹೋದ ಮೇಲೆ ಟ್ರಿಸ್ ಜೊತೆ ಕಥೆ ಮುಂದುವರಿಸದೆ ಮೊದಲು ಆಟಗಾರರನ್ನೆಲ್ಲ ಸೋಲಿಸಿ.

ನೊವಿಗ್ರಾಡಿನ ಪ್ಯಾಸಿಫ್ಲೋರಾದಲ್ಲಿ ನಡೆಯುವ 'ಹೈ ಸ್ಟೇಕ್ಸ್' ಪಂದ್ಯಾವಳಿಗೆ 1000 ಕ್ರೌನ್ ಕಟ್ಟಬೇಕು. ನಾಲ್ವರು ಎದುರಾಳಿಗಳು, ಒಬ್ಬನಿಗೆ ಸೋತರೂ ಹೊರಗೆ, ಕ್ವೆಸ್ಟ್ ಅಲ್ಲಿಗೆ ಮುಗಿಯಿತು. ಪ್ರತಿ ಪಂದ್ಯಕ್ಕೆ ಮುಂಚೆ ಸೇವ್ ಮಾಡದೆ ಕೂರಬೇಡಿ. ಗೆರಾಲ್ಟ್‌ನ ಗೆಳೆಯ ಜೋಲ್ಟನ್‌ನ 'ಎ ಡೇಂಜರಸ್ ಗೇಮ್' ಕ್ವೆಸ್ಟಿನ ಕೊನೆಯಲ್ಲಿ ದುಡ್ಡು ಬೇಕೋ ಕಾರ್ಡ್ ಬೇಕೋ ಎಂಬ ಆಯ್ಕೆ ಬರುತ್ತದೆ. ಕಾರ್ಡನ್ನೇ ತೆಗೆದುಕೊಳ್ಳಿ.

ಡಿಕ್‌ಸ್ಟ್ರಾ, ಸೇನಾಧಿಕಾರಿ ವೆರ್ನಾನ್ ರೋಚ್, ಥೇಲರ್ ಇವರೊಂದಿಗೆ 'ರೀಸನ್ ಆಫ್ ಸ್ಟೇಟ್' ಕ್ವೆಸ್ಟಿಗೆ ಮೊದಲು, ಲ್ಯಾಂಬರ್ಟ್ ಜೊತೆ ಕೇರ್ ಮೊರ್ಹೆನ್ ಯುದ್ಧಕ್ಕೆ ಮೊದಲು ಆಡಿ ಮುಗಿಸಿ. ಐಲ್ ಆಫ್ ಮಿಸ್ಟ್ಸ್‌ಗೆ ಹೊರಡುವಾಗ ಆಟವೇ ಒಂದು ಎಚ್ಚರಿಕೆ ತೋರಿಸುತ್ತದೆ. ಅದನ್ನು ಕಂಡ ಕೂಡಲೇ ನಿಲ್ಲಿ, ಪುಸ್ತಕ ತೆಗೆದು ಲೆಕ್ಕ ನೋಡಿ, ಹೆಸರುಳ್ಳ ಆಟಗಾರರಲ್ಲಿ ಯಾರೂ ಬಾಕಿ ಇಲ್ಲವೆಂದು ಖಾತ್ರಿಯಾದ ಮೇಲೆ ದೋಣಿ ಹತ್ತಿ.

ಗೆಲ್ಲುವ ಲೆಕ್ಕ

ಕಾರ್ಡ್ ಎಲ್ಲಿದೆ ಎಂದು ತಿಳಿದರೆ ಸಾಲದು, ಗೆಲ್ಲಲೂ ಬೇಕು. ಮೂರು ಸುತ್ತಿನಲ್ಲಿ ಎರಡು ಗೆದ್ದವನು ಗೆದ್ದ. ಕೈಗೆ 10 ಕಾರ್ಡ್ ಬರುತ್ತವೆ, ಶುರುವಿನಲ್ಲಿ 2 ಬದಲಿಸಬಹುದು. ಆಮೇಲೆ ತಾನಾಗಿ ಹೊಸ ಕಾರ್ಡ್ ಬರುವುದು ನಾರ್ದರ್ನ್ ರೆಲ್ಮ್ಸ್ ಡೆಕ್‌ನವರು ಒಂದು ಸುತ್ತು ಗೆದ್ದಾಗ ಮಾತ್ರ. ಆಟದ ಮರ್ಮವೆಲ್ಲ ಇದರಲ್ಲೇ ಇದೆ: ಕೊನೆಗೆ ಯಾರ ಕೈಯಲ್ಲಿ ಹೆಚ್ಚು ಎಲೆ ಉಳಿದಿವೆಯೋ ಅವರದೇ ಆಟ.

ಡೆಕ್‌ನಲ್ಲಿ, ಎಂದರೆ ಪಂದ್ಯಕ್ಕೆ ಒಯ್ಯುವ ಕಟ್ಟಿನಲ್ಲಿ, ಕನಿಷ್ಠ 22 ಯುನಿಟ್ ಕಾರ್ಡ್ (ಬಲದ ಅಂಕವಿರುವ ಯೋಧರ ಕಾರ್ಡ್) ಇರಬೇಕು. ಹೊಸಬರು ಸಿಕ್ಕಿದ್ದೆಲ್ಲ ತುಂಬಿ 35ಕ್ಕೆ ಒಯ್ಯುತ್ತಾರೆ, ಆಗ ಒಳ್ಳೆಯ ಕಾರ್ಡ್ ಕೈಗೇ ಬರುವುದಿಲ್ಲ. 22ರಿಂದ 24ರೊಳಗೆ ನಿಲ್ಲಿಸಿ.

ನಾರ್ದರ್ನ್ ರೆಲ್ಮ್ಸ್ ಡೆಕ್‌ನಲ್ಲಿ ಥೇಲರ್ 1, ಡಿಕ್‌ಸ್ಟ್ರಾ 4, ಪ್ರಿನ್ಸ್ ಸ್ಟೆನಿಸ್ 5 ಬಲದ ಗೂಢಚಾರರು. ಇವರನ್ನು ಎದುರಾಳಿಯ ಕಡೆ ಇಟ್ಟರೆ ಅಂಕ ಅವನಿಗೆ ಹೋಗುತ್ತದೆ, ನಿಮಗೆ 2 ಹೊಸ ಕಾರ್ಡ್ ಬರುತ್ತವೆ. ಮೊದಲ ಸುತ್ತನ್ನು ಹೀಗೆ ಆಡಿ ನೋಡಿ. ಡಿಕ್‌ಸ್ಟ್ರಾ ಇಟ್ಟಿರಿ: ಕೈಯಲ್ಲಿ 11. ಥೇಲರ್ ಇಟ್ಟಿರಿ: ಕೈಯಲ್ಲಿ 12. ಎದುರಾಳಿ ತನ್ನ ಎಲೆ ಇಳಿಸುತ್ತ ಇರುತ್ತಾನೆ. ಈಗ ಪಾಸ್ ಹೇಳಿ. ಸುತ್ತು ಅವನದು, ಸರಿ. ಅವನು ನಾಲ್ಕು ಎಲೆ ಕಳೆದಿದ್ದರೆ ಉಳಿದದ್ದು 6, ನಿಮ್ಮ ಹತ್ತಿರ 12. ಮುಂದಿನ ಎರಡೂ ಸುತ್ತು ಗೆಲ್ಲಲು ಅಷ್ಟು ಸಾಕು. ಅವನೇ ನಿಮ್ಮ ಕಡೆ ಗೂಢಚಾರ ಇಟ್ಟರೆ ಡಿಕಾಯ್ ಹಾಕಿ ಅದನ್ನು ಕೈಗೆ ತೆಗೆದುಕೊಂಡು ಮರಳಿ ಅವನ ಕಡೆಯೇ ಇಡಿ.

ಅಂಕ ಬರುವುದು ಜೋಡಿ ಕಾರ್ಡುಗಳಿಂದ, ಎಂದರೆ ಒಂದೇ ಹೆಸರಿನವು ಕೂಡಿದಾಗ ಬಲ ಏರುವ ಕಾರ್ಡುಗಳಿಂದ. ಬ್ಲೂ ಸ್ಟ್ರೈಪ್ಸ್ ಕಮಾಂಡೋ ಒಂದೇ ಇದ್ದರೆ ಬಲ 4. ಮೂರೂ ಒಂದೇ ಸಾಲಿಗೆ ಬಂದರೆ ಪ್ರತಿಯೊಂದೂ 12, ಒಟ್ಟು 36. ಕ್ರಿನ್‌ಫ್ರಿಡ್ ರೀವರ್ಸ್ ಮೂರು ಕೂಡಿದರೆ 45. ಎರಡು ಕ್ಯಾಟಪಲ್ಟ್ ಕೂಡಿದರೆ 32, ಆ ಸಾಲಿಗೆ ಕಮಾಂಡರ್ಸ್ ಹಾರ್ನ್ ಊದಿದರೆ 64. ಆದರೆ ಅಪಾಯವೂ ಇಲ್ಲೇ. ಎದುರಾಳಿ ಸ್ಕಾರ್ಚ್ ಹಾಕಿದರೆ ಕಣದಲ್ಲಿ ಅತಿ ಹೆಚ್ಚು ಬಲದ ಕಾರ್ಡುಗಳೆಲ್ಲ ಒಟ್ಟಿಗೆ ಸುಟ್ಟು ಹೋಗುತ್ತವೆ. 12ರ ಮೂರು ಕಮಾಂಡೋ ಒಂದೇ ಏಟಿಗೆ ಹೋದವು. ಬೈಟಿಂಗ್ ಫ್ರಾಸ್ಟ್ ಎಂಬ ಹವೆಯ ಕಾರ್ಡ್ ಬಿದ್ದರೆ ಪ್ರತಿಯೊಂದರ ಮೂಲ ಬಲ 1ಕ್ಕೆ ಇಳಿದು 36 ಇದ್ದದ್ದು 9 ಆಗುತ್ತದೆ. ಹಾಗಾಗಿ ಮೂರನೇ ಕಮಾಂಡೋವನ್ನು ಎದುರಾಳಿ ಪಾಸ್ ಹೇಳುವ ತನಕ ಕೈಯಲ್ಲೇ ಹಿಡಿಯಿರಿ, ಹವೆ ತೆಗೆಯುವ ಒಂದು ಕ್ಲಿಯರ್ ವೆದರ್ ಡೆಕ್‌ನಲ್ಲಿ ಇಟ್ಟುಕೊಳ್ಳಿ. ಹೀರೋ ಕಾರ್ಡುಗಳಿಗೆ ಹವೆಯೂ ತಾಗದು, ಸ್ಕಾರ್ಚೂ ತಾಗದು; ಹಾರ್ನ್ ಊದಿದರೂ ಅವುಗಳ ಬಲ ಏರುವುದಿಲ್ಲ.

ಮೇಲೆ ಮೇಲೆ ಸೋಲುತ್ತಿದ್ದರೆ ಸೆಟ್ಟಿಂಗ್ಸ್‌ನಲ್ಲಿ ಗ್ವೆಂಟ್‌ನ ಕಷ್ಟದ ಮಟ್ಟವನ್ನು ಬೇರೆಯಾಗಿಯೇ ಇಳಿಸಬಹುದು. ಕಾದಾಟದ ಮಟ್ಟ ಹಾಗೇ ಉಳಿಯುತ್ತದೆ. ಬಹುಮಾನದ ಕಾರ್ಡಿಗೂ ಇದಕ್ಕೂ ಸಂಬಂಧವಿಲ್ಲ, ಸಂಕೋಚ ಬೇಡ.

ಪೆಟ್ಟಿಗೆ, ಗವಿ, ಗೋಡೆ

ನಮ್ಮ ಕಡೆ ಜೋಳ ತುಂಬಿದ ಹಗೇವಿನ ಬಾಯಿ ಅಂಗಳದಲ್ಲಿ ಎಲ್ಲಿದೆ ಎಂದು ಮನೆಯವರಿಗಷ್ಟೇ ಗೊತ್ತು, ಹೊರಗಿನವರಿಗೆ ಅದು ಬರೀ ನೆಲ. ಈ ಆಟದ ಗೋಡೆಗಳೂ ಹಾಗೇ. ಬಲ ಮೌಸ್ ಬಟನ್ ಹಿಡಿದು ವಿಚರ್ ಸೆನ್ಸ್ ಹಚ್ಚಿದರೆ ಎತ್ತಿಕೊಳ್ಳುವ ವಸ್ತು ಹಳದಿಯಾಗಿ, ಸುಳಿವು ಕೆಂಪಾಗಿ ಹೊಳೆಯುತ್ತದೆ. ಬಿರುಕು ಬಿಟ್ಟ ಗೋಡೆ ಕಂಡರೆ ಆರ್ಡ್ ಸೈನ್ (ಗೆರಾಲ್ಟ್‌ನ ಮಂತ್ರಗಳಲ್ಲೊಂದು) ಹೊಡೆಯಿರಿ, ಕುಸಿಯುತ್ತದೆ. ಮಾಯೆಯ ಗೋಡೆಗೆ ಆರ್ಡ್ ನಡೆಯುವುದಿಲ್ಲ; ಕೀರಾ ಮೆಟ್ಜ್ ಜೊತೆಗಿನ 'ವಾಂಡರಿಂಗ್ ಇನ್ ದಿ ಡಾರ್ಕ್' ಕ್ವೆಸ್ಟಿನಲ್ಲಿ ಸಿಗುವ ಐ ಆಫ್ ನೆಹಲೇನಿ ಎಂಬ ಮಾಯೆಯ ವಸ್ತು ಬೇಕು. ಅದನ್ನು ಕ್ವಿಕ್ ಸ್ಲಾಟ್‌ಗೆ ಹಾಕಿಕೊಳ್ಳದೆ ಗೋಡೆ ಮುಂದೆ ನಿಂತವರು "ಏನೂ ಆಗುತ್ತಿಲ್ಲ" ಎನ್ನುತ್ತಾರೆ.

ವೈಟ್ ಆರ್ಚರ್ಡ್‌ನಲ್ಲೇ 6 ಪ್ಲೇಸ್ ಆಫ್ ಪವರ್ (ಶಕ್ತಿ ಕೊಡುವ ಕಲ್ಲುಗಳು) ಇವೆ. ಪ್ರತಿಯೊಂದನ್ನು ಮೊದಲ ಸಲ ಮುಟ್ಟಿದಾಗ ಒಂದು ಎಬಿಲಿಟಿ ಪಾಯಿಂಟ್ ಸಿಗುತ್ತದೆ, ಆರೂ ಮುಗಿಸಿಯೇ ವೆಲೆನ್‌ಗೆ ಹೋಗಿ. ವೈಪರ್ ಸ್ಕೂಲ್‌ನ ಉಕ್ಕಿನ ಕತ್ತಿಯ ನಕ್ಷೆ ಅಲ್ಲಿನ ಸ್ಮಶಾನದ ನೆಲಮನೆಯಲ್ಲಿದೆ, ಬೆಳ್ಳಿ ಕತ್ತಿಯದು ದರೋಡೆಕೋರರು ಬೀಡುಬಿಟ್ಟ ಅಮಾವೆಟ್ ಕೋಟೆಯ ಪಾಳಿನಲ್ಲಿದೆ. ಸ್ಮಶಾನದಲ್ಲಿ ಪ್ರೇತ ಕಾಯುತ್ತಿರುತ್ತದೆ. ಯರ್ಡೆನ್ ಸೈನ್ ಬಿಡಿಸಿ ಅದರ ವೃತ್ತದೊಳಗೇ ನಿಂತು ಹೊಡೆಯಿರಿ. ವೃತ್ತದ ಹೊರಗೆ ಹೊಡೆದ ಏಟು ಅದಕ್ಕೆ ಅಷ್ಟಾಗಿ ತಾಗುವುದಿಲ್ಲ.

ಸ್ಕೆಲಿಗೆ ಸಮುದ್ರದ ತುಂಬ ಇರುವ ಪ್ರಶ್ನೆ ಚಿಹ್ನೆಗಳು ಹೆಚ್ಚಾಗಿ ಕಳ್ಳಸಾಗಣೆಯ ಪೆಟ್ಟಿಗೆಗಳು. ಮೇಲೆ ಸೈರನ್‌ಗಳು, ಕೆಳಗೆ ಡ್ರೌನರ್‌ಗಳು. ನೀರಿನೊಳಗೆ ಕ್ರಾಸ್‌ಬೋ ಒಂದೇ ಬಾಣಕ್ಕೆ ಇವನ್ನು ಕೊಲ್ಲುತ್ತದೆ. ಸಿಗುವುದು ಹೆಚ್ಚಾಗಿ ಮಾರುವ ಸಾಮಾನು, ಕ್ವೆಸ್ಟಿಗೆ ಬೇಕಾದ ಗ್ವೆಂಟ್ ಕಾರ್ಡ್ ಅಲ್ಲ. ಭಾರ ಮೀರಿದರೆ ಗೆರಾಲ್ಟ್ ಓಡಲಾರ. ಹತ್ತು ಪೆಟ್ಟಿಗೆ ತೆಗೆದು ಬೇಸರವಾದರೆ ಬಿಟ್ಟುಬಿಡಿ, ನಷ್ಟವಿಲ್ಲ.

ಕುಸ್ತಿ, ಶರ್ಯತ್ತು

'ಫಿಸ್ಟ್ಸ್ ಆಫ್ ಫ್ಯೂರಿ' ಮುಷ್ಟಿ ಕಾಳಗದಲ್ಲಿ ಕತ್ತಿ, ಸೈನ್ ಯಾವುದೂ ನಡೆಯುವುದಿಲ್ಲ. ಗುದ್ದುತ್ತ ಹೋದರೆ ಸೋಲುತ್ತೀರಿ. ಎದುರಾಳಿಯ ಕೈ ಮೇಲೆದ್ದ ಹೊತ್ತಿಗೆ ಸರಿಯಾಗಿ ಪ್ಯಾರಿ (ಏಟು ತಡೆಯುವ ಬಟನ್) ಒತ್ತಿ, ತಿರುಗೇಟು ತಾನಾಗಿ ಬೀಳುತ್ತದೆ. ಮುಂಚೆಯೇ ಒತ್ತಿ ಹಿಡಿದರೆ ಬರೀ ತಡೆಯಾಗುತ್ತದೆ. ಅವನ ಹೆಸರಿನ ಹತ್ತಿರ ಕೆಂಪು ತಲೆಬುರುಡೆ ಇದ್ದರೆ ಮಟ್ಟ ಏರಿಸಿಕೊಂಡು ಬನ್ನಿ.

ಕುದುರೆ ಓಟ ಎತ್ತಿನ ಬಂಡಿ ಶರ್ಯತ್ತಿನ ಹಾಗೆ, ಮೊದಲೇ ದಣಿಸಿದ ಜೋಡಿ ಗೆಲ್ಲುವುದಿಲ್ಲ. ಶಿಫ್ಟ್ ಒತ್ತಿ ಹಿಡಿದೇ ಇದ್ದರೆ ಸ್ಟ್ಯಾಮಿನಾ ಬರಿದಾಗಿ ಕುದುರೆ ನಿಧಾನವಾಗುತ್ತದೆ. ನೇರ ದಾರಿಯಲ್ಲಿ ಓಡಿಸಿ, ತಿರುವಿನಲ್ಲಿ ಬಿಟ್ಟು ತುಂಬಿಕೊಳ್ಳಲು ಬಿಡಿ, ಕೊನೆಯ ನೇರಕ್ಕೆ ಅರ್ಧವಾದರೂ ಉಳಿಸಿ. ಮುಂದೆ ಹೋಗಲು ಜಾಗ ಕೊಡದೆ ದಾರಿಯ ಒಳಮಗ್ಗುಲು ಹಿಡಿದರೆ ಹಿಂದಿನವರು ದಾಟುವುದು ಕಷ್ಟ. ಗೆದ್ದ ಜೀನು, ಚೀಲಗಳನ್ನು ಕೂಡಲೇ ಕುದುರೆಗೆ ಹಾಕಿ.

ಕೊನೆಯದಾಗಿ ಎರಡು ವಿಷಯ. 'ಕಾರ್ಡ್ ಕಲೆಕ್ಟರ್' ಟ್ರೋಫಿಗೆ ಮೂಲ ಆಟದ ಕಾರ್ಡುಗಳಷ್ಟೇ ಲೆಕ್ಕ. 'ಬ್ಲಡ್ ಆ್ಯಂಡ್ ವೈನ್' ಎಂಬ ವಿಸ್ತರಣೆ ತರುವ ಸ್ಕೆಲಿಗೆ ಡೆಕ್‌ಗೆ ಬೇರೆ ಟ್ರೋಫಿ ಇದೆ. ಮುಗಿಸಿದ ಆಟವನ್ನು ಮತ್ತೆ ಮೊದಲಿಂದ ಆಡುವ ನ್ಯೂ ಗೇಮ್ ಪ್ಲಸ್ ಶುರು ಮಾಡಿದರೆ ಕತ್ತಿ, ಅಂಗಿ ಜೊತೆಗೆ ಬರುತ್ತವೆ, ಗ್ವೆಂಟ್ ಕಾರ್ಡ್ ಬರುವುದಿಲ್ಲ. ಒಂದೆರಡು ಬಾಕಿ ಇದ್ದರೆ ಹಳೆಯ ಸೇವ್‌ನಲ್ಲೇ ಮುಗಿಸಿ.