ಮೊದಲ ಪ್ರದರ್ಶನ ಮಾತಾಡಿದವರಿಗೇ

ಮೈ ಮಾರುವ ದಂಧೆಗೆ ಹೆಸರಾದ ಮುಂಬೈಯ ಕಾಮಾಠಿಪುರದ ಗಲ್ಲಿಗಳಲ್ಲಿ ನಮ್ಮ ಬೆಳಗಾವಿ, ವಿಜಯಪುರ ಕಡೆಯ ಕನ್ನಡ ಕೇಳಿಸುತ್ತದೆ. ಅಲ್ಲಿನ ಹೆಂಗಸರಲ್ಲಿ ದೇವರ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡ ದೇವದಾಸಿಯರೂ ಇದ್ದಾರೆ. ಕರ್ನಾಟಕದ 1982ರ ಕಾನೂನೇ ಆ ಪದ್ಧತಿಯನ್ನು ನಿಷೇಧಿಸಿತ್ತು. ಆದರೂ ಇದರ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತೇನೆ ಅಂದರೆ ಊರವರಿಗೂ ಸಿಟ್ಟು, ಇಲ್ಲಿ ದಂಧೆ ನಡೆಸುವವರಿಗೂ ಸಿಟ್ಟು.

ನನ್ನ ಬೆನ್ನಿಗೆ ಯಾವ ಚಾನೆಲ್ಲೂ ಇಲ್ಲ. ಹೊಟ್ಟೆಪಾಡಿಗೆ ಮದುವೆ ವಿಡಿಯೊ, ಕಂಪನಿ ಫಿಲ್ಮುಗಳ ಎಡಿಟಿಂಗ್ ಮಾಡುತ್ತೇನೆ. ಉಳಿದ ದುಡ್ಡು ನನ್ನ ಚಿತ್ರಕ್ಕೆ. ದುಡ್ಡು ಹಾಕಲು ಬಂದ ಒಬ್ಬರು ಅಳುವ ದೃಶ್ಯ ಜಾಸ್ತಿ ಬೇಕು ಅಂದರು. ಬೇಡ ಅಂದೆ.

ಶುರುವಿನಲ್ಲಿ ಕ್ಯಾಮೆರಾ ಒಯ್ಯಲೇ ಇಲ್ಲ. ಸುಮ್ನೆ ಹೋಗಿ ಕೂತು ಊರಿನ ಮಳೆ, ಬೆಳೆ ಮಾತಾಡುತ್ತಿದ್ದೆ. ಒಪ್ಪಿಗೆ ಪತ್ರವನ್ನು ಕನ್ನಡದಲ್ಲಿ ಓದಿ ಹೇಳಿದೆ. ಆದರೆ ಹೆಬ್ಬೆಟ್ಟು ಒತ್ತಿಸಿಕೊಂಡರೆ ಕೆಲಸ ಮುಗಿಯುವುದಿಲ್ಲ. ಚಿತ್ರ ಹೇಗೆ ಬಂದಿದೆ ಅಂತ ನೋಡದೆ ಕೊಟ್ಟ ಒಪ್ಪಿಗೆ ಅದು, ಅಲ್ವಾ?

ಮುಖ ಮಸುಕು ಮಾಡುವುದು ನನಗೆ ಒಗ್ಗುವುದಿಲ್ಲ. ಟಿವಿಯಲ್ಲಿ ಕಳ್ಳರನ್ನು ತೋರಿಸುವುದು ಹಾಗೆ. ಅದಕ್ಕೇ ಕೈಗಳನ್ನು ಚಿತ್ರಿಸಿದೆ. ಒಬ್ಬ ಅಕ್ಕ ಮೆಂತ್ಯ ಸೊಪ್ಪು ಬಿಡಿಸುತ್ತಾ ಮಾತಾಡಿದರು. ಅಪ್ಪನ ಮಾತು ಬಂದಾಗ ಬೆರಳು ನಿಂತವು, ಮತ್ತೆ ಸೊಪ್ಪಿಗೆ ಹೋದವು. ದನಿಯಿಂದಲೂ ಗುರುತು ಸಿಗುತ್ತದೆ. ಹಾಗಾಗಿ ಅವರ ಮಾತನ್ನೇ ಅದೇ ಭಾಗದ ಇನ್ನೊಬ್ಬ ಹೆಂಗಸಿನಿಂದ ಹೇಳಿಸಿದೆ.

ಎಡಿಟ್ ಆದ ಮೇಲೆ ಲ್ಯಾಪ್‌ಟಾಪ್ ಒಯ್ದು ಮೊದಲು ಆ ಅಕ್ಕನಿಗೇ ತೋರಿಸಿದೆ. ‘ನನ್ನ ಮಾತು ಎಲ್ಲಾ ಇರಲಿ. ಆ ಬಾಗಲಾ ಮಾತ್ರ ತಗೀರಿ. ನಮ್ಮೂರ ಹುಡುಗ್ರು ಈ ದಾರಿಗೆ ಅಡ್ಡಾಡತಾರ’ ಅಂದರು. ನನ್ನ ಕಣ್ಣಿಗೆ ಅದು ಬರೀ ಹಸಿರು ಬಾಗಿಲು. ಆ ಶಾಟ್ ತೆಗೆದೆ. ಚಿತ್ರಕ್ಕೆ ಏನೂ ಕಡಿಮೆಯಾಗಲಿಲ್ಲ.

ಇಂಥ ಚಿತ್ರಕ್ಕೆ ಸೆನ್ಸಾರ್ ಜಗಳ ಹೊಸದಲ್ಲ. ಹಿಂದಿ ಚಿತ್ರ ನಿರ್ದೇಶಕ ಕೆ. ಎ. ಅಬ್ಬಾಸ್ ನಾಲ್ಕು ನಗರಗಳ ಮೇಲೆ ಮಾಡಿದ ಸಾಕ್ಷ್ಯಚಿತ್ರದಲ್ಲಿ ಬಾಂಬೆಯ ಇಂಥದೇ ಬೀದಿಯ ದೃಶ್ಯಗಳಿದ್ದವು. ಅವಕ್ಕೆ ಸೆನ್ಸಾರ್ ತಕರಾರು ತೆಗೆದಾಗ ಅವರು ಸುಪ್ರೀಂ ಕೋರ್ಟ್‌ವರೆಗೆ ಹೋದರು. 1970ರಲ್ಲಿ ಕೋರ್ಟ್ ಸೆನ್ಸಾರ್ ಪದ್ಧತಿಯನ್ನು ಎತ್ತಿಹಿಡಿಯಿತು. ಸೆನ್ಸಾರ್ ತೀರ್ಮಾನದ ಮೇಲಿನ ದೂರು ಕೇಳುತ್ತಿದ್ದ ಮೇಲ್ಮನವಿ ಮಂಡಳಿಯನ್ನೂ 2021ರಲ್ಲಿ ತೆಗೆದುಹಾಕಿದರು. ಈಗ ತಕರಾರಿದ್ದರೆ ಹೈಕೋರ್ಟಿಗೇ ಹೋಗಬೇಕು. ಒಬ್ಬನೇ ಚಿತ್ರ ಮಾಡುವವನಿಗೆ ಆ ಖರ್ಚು ಭಾರ.

ಮಾಟುಂಗದಲ್ಲಿ ಪರಿಚಯದವರನ್ನು ಕರೆದು ಚಿತ್ರ ತೋರಿಸಿದಾಗ ಹಿರಿಯರೊಬ್ಬರು ಎದ್ದು, ‘ನಮ್ಮ ಕಡೆಯ ಮಾನ ಯಾಕೆ ಹರಾಜು ಹಾಕುತ್ತೀರಿ?’ ಅಂದರು. ಈ ಹೆಂಗಸರು ಬಸ್ಸು ಹತ್ತಿದ್ದು ನಮ್ಮ ಕಡೆಯಿಂದಲೇ, ಹತ್ತಿಸಿದವರೂ ನಮ್ಮವರೇ ಅಂತ ಹೇಳಿದೆ. ಅವರು ಒಪ್ಪಲಿಲ್ಲ. ಆದರೆ ಕೊನೆವರೆಗೂ ಕೂತು ವಾದ ಮಾಡಿದರು, ಅದು ನನಗೆ ಇಷ್ಟವಾಯಿತು.

ಇನ್ನು ಸೆನ್ಸಾರ್ ಸರ್ಟಿಫಿಕೇಟಿಗೆ ಅರ್ಜಿ ಹಾಕಬೇಕು. ಯಾವುದಾದರೂ ಮಾತಿಗೆ ಕತ್ತರಿ ಹಾಕಿ ಅಂದರೆ, ಉತ್ತರ ಬರೆಯುವ ಮೊದಲು ಆ ಮಾತಾಡಿದ ಅಕ್ಕನ ಹತ್ತಿರ ಹೋಗುತ್ತೇನೆ.